ಆರರಲ್ಲಿ ಮೂವರು

ಮೇ 12, ಭಾನುವಾರ

ನಾನು ನಿವೃತ್ತಳಾದ ಮರುವಾರವೇ ಮೆತೋದಿ ಪೆರ್ನಿಕ್‌ನ ನಮ್ಮ ಫ್ಲ್ಯಾಟನ್ನು ಬಾಡಿಗೆಗೆ ಕೊಟ್ಟು ನನ್ನನ್ನು ತನ್ನ ಅಜ್ಜನ ಹಳ್ಳಿಗೆ ತಂದು ಹಾಕಿದ. ಅವನಿಗೆ ಜೇನು ಸಾಕಬೇಕಂತೆ. ಮೂವತ್ತೆಂಟು ವರ್ಷ ಸಂಸಾರ ಮಾಡಿದ ಹೆಂಡತಿಗಿಂತ ಎರಡು ತಿಂಗಳ ಹಿಂದೆ ಬಂದ ನೊಣಗಳ ಮೇಲೆ ಗಂಡಸಿಗೆ ಹೆಚ್ಚು ಪ್ರೀತಿ. ಇರಲಿ. ಆಗಸ್ಟ್ ಕೊನೆಗೆ ಬಾಡಿಗೆಯವರ ಕರಾರು ಮುಗಿಯುತ್ತದೆ, ಸೆಪ್ಟೆಂಬರ್ ಒಂದಕ್ಕೆ ನಾನು ವಾಪಸು. ಇನ್ನು ನೂರಾ ಹನ್ನೆರಡು ದಿನ.

ಈ ಊರಲ್ಲಿ ಎಲ್ಲರೂ ದೂರದಿಂದಲೇ ‘ಟೀಚರಮ್ಮ, ಚೆನ್ನಾಗಿದ್ದೀರಾ’ ಎಂದು ಕೇಳಿ ಉತ್ತರಕ್ಕೆ ಕಾಯದೆ ಹೋಗುತ್ತಾರೆ. ನಲವತ್ತು ವರ್ಷ ಲೆಕ್ಕ ಕಲಿಸಿದವಳನ್ನು ಕಂಡರೆ ಜನಕ್ಕೆ ತಾವು ಮಾಡದೆ ಬಿಟ್ಟ ಮನೆಪಾಠ ನೆನಪಾಗುತ್ತದೋ ಏನೋ.

ಆದರೆ ಇವತ್ತು ಮಧ್ಯಾಹ್ನ ಆರು ಹೆಂಗಸರು ಒಟ್ಟಿಗೆ ಗೇಟು ತೆಗೆದು ಒಳಗೆ ಬಂದರು. ಮುಂದೆ ಅಂಗಡಿಯ ಲೊಝಾನಾ. ಅವಳ ದನಿ ಅವಳಿಗಿಂತ ಹತ್ತು ಹೆಜ್ಜೆ ಮುಂಚೆ ಬರುತ್ತದೆ. ಇವರು ಊರಿನ ಹಾಡುಗಾರ್ತಿಯರು. ಆಗಸ್ಟಿನಲ್ಲಿ ಗುಡ್ಡದ ಮೇಲೆ ನಡೆಯುವ ಹಾಡಿನ ಮೇಳಕ್ಕೆ ಪ್ರತಿ ವರ್ಷ ಆರೂ ಜನ ಹೋಗುತ್ತಿದ್ದರಂತೆ. ಈ ಸಲ ಮೇಳದವರು ಪತ್ರ ಬರೆದಿದ್ದಾರೆ: ಕೊಯ್ಲಿನ ಹಾಡು, ಹಳೆಯ ಪದ್ಧತಿಯಲ್ಲಿ, ಊರಿಗೆ ಮೂವರೇ. ಹೆಸರುಗಳನ್ನು ಜುಲೈ ಇಪ್ಪತ್ತರೊಳಗೆ ಕಳಿಸದಿದ್ದರೆ ಆ ಊರು ಇಲ್ಲ.

“ನಮ್ಮ ಆರು ಜನದಲ್ಲಿ ಮೂವರನ್ನ ಆರಿಸಿಕೊಡಿ ಟೀಚರಮ್ಮ,” ಎಂದಳು ಲೊಝಾನಾ. “ನಾವೇ ಆರಿಸೋಕೆ ಕೂತ್ರೆ ಜುಟ್ಟು ಹಿಡ್ಕೋತೀವಿ.”

“ನನಗೆ ಹಾಡು ಬರೋದಿಲ್ಲವಲ್ಲ.”

“ಅದಕ್ಕೇ ನಿಮ್ಮನ್ನ ಕೇಳ್ತಿರೋದು. ಬಂದಿದ್ರೆ ನಿಮ್ಮ ಹೆಸರೇ ಮೊದಲು ಬರ್ಕೊಂಡುಬಿಡ್ತಿದ್ರಿ.”

ಅವರ ಹಿಂದೆ ಕೋಲೂರಿಕೊಂಡು ಪೇನಜ್ಜಿ ಬಂದಳು. ವಯಸ್ಸು ಎಂಬತ್ತನಾಲ್ಕು, ಈ ಆರು ಜನಕ್ಕೂ ಹಾಡು ಕಲಿಸಿದವಳು, ಊರಿನ ನೇಕಾರ್ತಿ. ಗಂಟಲು ಹೋಗಿದೆ, ಕಿವಿ ನೆಟ್ಟಗಿದೆ. “ಕಿವಿ ನಂದು, ಲೆಕ್ಕ ನಿಂದು,” ಎಂದಳು ನನಗೆ. “ಯಾವ ಮೂವರು ಚೆನ್ನಾಗಿ ಕೂಡ್ತಾರೆ ಅಂತ ನಾನು ಹೇಳ್ತೀನಿ. ಒಂದು ಜೋಡಣೆಯೂ ಬಿಟ್ಟುಹೋಗದ ಹಾಗೆ ನೀನು ನೋಡ್ಕೋ. ಆಮೇಲೆ ಯಾರೂ ನನ್ನ ಕೇಳಲೇ ಇಲ್ಲ ಅನ್ನಬಾರದು.”

ಬ್ರೆಡ್ಡನ್ನು ಉಪ್ಪಿನಲ್ಲಿ ಅದ್ದಿ ಆರೂ ಜನ ಆಣೆ ಮಾಡಿದರು: ಪೇನಜ್ಜಿ ಯಾವ ಮೂವರನ್ನು ಹೇಳಿದರೂ ಎದುರಾಡುವುದಿಲ್ಲ. ಮುದುಕಿ ಬ್ರೆಡ್ಡನ್ನು ನನ್ನ ಮುಂದೂ ಹಿಡಿದಳು. ನಾನು ಬರೀ ಲೆಕ್ಕದವಳು, ನನಗೇಕೆ ಆಣೆ ಎಂದೆ. “ಮುಟ್ಟು,” ಎಂದಳು. ಮುಟ್ಟಿ ತಿಂದೆ. ಬ್ರೆಡ್ಡು ಚೆನ್ನಾಗಿತ್ತು. ಬ್ರೆಡ್ಡು ಸುಡುವುದರಲ್ಲಿ ಲೊಝಾನಾಗೆ ಆರಕ್ಕೆ ಆರು ಅಂಕ, ವಿನಯದಲ್ಲಿ ಎರಡು.

ಮೇ 14, ಮಂಗಳವಾರ

ಇಪ್ಪತ್ತು ಜೋಡಣೆ ಎಂದು ಹೇಳಿದೆ. ಆರು ಜನರಲ್ಲಿ ಮೂವರನ್ನು ಆರಿಸುವ ದಾರಿಗಳು ಇಪ್ಪತ್ತು. ಒಬ್ಬರೂ ನಂಬಲಿಲ್ಲ.

ಮೇಕೆ ಸಾಕುವ ತ್ರೆಂದಾ ಬೆರಳು ಮಡಚಿ ಮಡಚಿ ತಾನೇ ಲೆಕ್ಕ ಮಾಡಿದಳು. ಒಳ್ಳೆಯ ಮೈಕಟ್ಟಿನ ಹೆಂಗಸು, ನಕ್ಕರೆ ಬೆಂಚು ಅಲ್ಲಾಡುತ್ತದೆ. “ಮೊದಲನೇ ಜಾಗಕ್ಕೆ ಆರು ಜನ, ಎರಡನೇದಕ್ಕೆ ಐದು, ಮೂರನೇದಕ್ಕೆ ನಾಲ್ಕು. ನೂರಿಪ್ಪತ್ತು ಆಯ್ತಲ್ಲ. ಮಿಕ್ಕಿದ ನೂರು ಎಲ್ಲಿಗೆ ಹೋಯ್ತು ಟೀಚರಮ್ಮ?”

ಇವಳು ನನ್ನ ಶಾಲೆಯಲ್ಲಿದ್ದಿದ್ದರೆ ಎಂದು ಆಸೆಯಾಯಿತು. ನೀನು, ಲೊಝಾನಾ, ಅಂಚೆಯ ಗೆರ್ಗಿನಾ ಎಂದರೂ ಅದೇ ಮೂವರು. ಗೆರ್ಗಿನಾ, ನೀನು, ಲೊಝಾನಾ ಎಂದರೂ ಅದೇ ಮೂವರು. ಅದೇ ಮೂವರನ್ನು ನೀನು ಆರು ಸಲ ಎಣಿಸಿದ್ದೀಯ, ಆದ್ದರಿಂದ ಆರರಿಂದ ಭಾಗಿಸು ಎಂದೆ. ಸುಲಭವಾಗಲಿ ಎಂದು ಉದಾಹರಣೆ ಕೊಟ್ಟೆ: “ಸಲಾಡಿಗೆ ಸೌತೆಕಾಯಿ ಮೊದಲು ಹಾಕಿದರೇನು, ಟೊಮೆಟೊ ಮೊದಲು ಹಾಕಿದರೇನು, ಚೀಸ್ ಮೊದಲು ಹಾಕಿದರೇನು? ಅದೇ ಸಲಾಡು.”

ಆರೂ ಜನ ನನ್ನನ್ನು ಕನಿಕರದಿಂದ ನೋಡಿದರು.

“ಚೀಸ್ ತಳದಲ್ಲಿ ಹಾಕಿದ್ರೆ ಅದು ಸಲಾಡಾ?” ಎಂದಳು ಲೊಝಾನಾ. “ಪಾಪ ಮೆತೋದಿ. ಮೂವತ್ತೆಂಟು ವರ್ಷ ಏನ್ ತಿಂದಿದ್ದಾನೋ.”

ಕೊನೆಗೆ ಮೂವರನ್ನು ಎಬ್ಬಿಸಿ ಬೆಂಚಿನ ಮೇಲೆ ಆರು ಥರ ಕೂರಿಸಿ ತೋರಿಸಿದೆ. ಪ್ರತಿಯೊಬ್ಬರಿಗೂ ಸರಿಯಾಗಿ ಹತ್ತತ್ತು ಜೋಡಣೆ ಸಿಗುತ್ತದೆ ಎಂದ ಮೇಲೆ ಎಲ್ಲರ ಮುಖವೂ ಅರಳಿತು. ನ್ಯಾಯ ಎಂದರೆ ಏನೆಂದು ಇವರಿಗೆ ಚೆನ್ನಾಗಿ ಗೊತ್ತು, ಭಾಗಾಕಾರ ಮಾತ್ರ ಗೊತ್ತಿಲ್ಲ.

ಪಟ್ಟಿ ಬರೆದೆ. ಇಪ್ಪತ್ತು ಸಾಲು, ಅಚ್ಚುಕಟ್ಟು. ಎಷ್ಟೋ ದಿನದ ಮೇಲೆ ಅಳತೆಪಟ್ಟಿ ಹಿಡಿದೆ.

ಮೇ 16, ಗುರುವಾರ

ಓದುಮನೆ ಎಂದು ಇವರು ಕರೆಯುವ ಊರಿನ ವಾಚನಾಲಯದ ಹಿಂದಿನ ಅಂಗಳದಲ್ಲಿ ಶುರು. ವಾರಕ್ಕೆ ಒಂದೆರಡು ದಿನ, ಸಂಜೆ ಮೇಕೆಗಳು ಮನೆಗೆ ಬಂದ ಮೇಲೆ ಎರಡು ಅಥವಾ ಮೂರು ಜೋಡಣೆ. ಅದಕ್ಕಿಂತ ಹೆಚ್ಚು ಕೇಳಿದರೆ ಕಿವಿಗೆ ಅಜೀರ್ಣವಾಗುತ್ತದೆ ಎಂದಳು ಪೇನಜ್ಜಿ.

ಮೂವರೂ ಒಬ್ಬರ ಸೊಂಟಪಟ್ಟಿಯನ್ನು ಒಬ್ಬರು ಹಿಡಿದು ತೀರ ಹತ್ತಿರ ನಿಲ್ಲುತ್ತಾರೆ. ಒಬ್ಬಳು ಹಾಡನ್ನು ಎತ್ತುತ್ತಾಳೆ, ಮಿಕ್ಕ ಇಬ್ಬರು ಕೆಳಗೆ ಒಂದೇ ಸ್ವರ ಹಿಡಿದು ಎಳೆಯುತ್ತಾರೆ. ಮೂವರಲ್ಲಿ ಯಾರು ಎತ್ತಬೇಕು ಎಂಬುದನ್ನು ಅವರೇ ನಿರ್ಧರಿಸುತ್ತಾರೆ, ನನ್ನ ಲೆಕ್ಕಕ್ಕೆ ಅದು ಬರುವುದಿಲ್ಲ.

ಪೇನಜ್ಜಿಗೆ ಓದು ಬರಹ ಬಾರದು, ಆದ್ದರಿಂದ ಅವಳದು ಬೇರೆ ಲೆಕ್ಕ. ಒಬ್ಬೊಬ್ಬರಿಗೆ ಒಂದೊಂದು ಬಣ್ಣದ ಉಣ್ಣೆನೂಲು. ಲೊಝಾನಾ ಕೆಂಪು, ತ್ರೆಂದಾ ಬಿಳಿ, ಅಂಚೆಯ ಗೆರ್ಗಿನಾ ಹಳದಿ, ಟ್ರ್ಯಾಕ್ಟರ್ ಓಡಿಸುವ ದೋನ್ಕಾ ಕಪ್ಪು, ಸ್ತಾನ್ಕಾ ನೀಲಿ, ವೇತಾ ಹಸಿರು. ಮೂವರು ಹಾಡಿ ಮುಗಿಸಿದರೆ ಆ ಮೂರು ಬಣ್ಣದ ಎಳೆಗಳನ್ನು ಹುರಿಹೊಸೆದು ಕೋಲಿಗೆ ಕಟ್ಟುತ್ತಾಳೆ. ಮಡಿಲಲ್ಲಿ ಬಣ್ಣ ಹಾಕದ ಬೂದು ನೂಲಿನ ಉಂಡೆಯೂ ಒಂದಿತ್ತು. ಚಳಿಗಾಲದ ಕಾಲುಚೀಲಕ್ಕೆ ಇರಬೇಕು.

ಸ್ತಾನ್ಕಾ ಮತ್ತು ವೇತಾ ವಾರಗಿತ್ತಿಯರು, ಅಣ್ಣತಮ್ಮಂದಿರ ಹೆಂಡತಿಯರು. ನಡುವೆ ಒಂದು ಗೋಡೆ, ಏಳು ವರ್ಷದಿಂದ ಮಾತಿಲ್ಲ. ನನ್ನ ಪಟ್ಟಿಯಲ್ಲಿ ಇವರಿಬ್ಬರೂ ಒಟ್ಟಿಗೆ ಬರುವ ಸಾಲು ನಾಲ್ಕಿವೆ. ಅವನ್ನು ಕೊನೆಗೆ ಇಟ್ಟಿದ್ದೇನೆ. ಮಕ್ಕಳಿಗೂ ಹಾಗೇ ಹೇಳುತ್ತಿದ್ದೆ, ಕಷ್ಟದ ಲೆಕ್ಕ ಕೊನೆಗಿರಲಿ ಎಂದು.

ಮೇ 24, ಶುಕ್ರವಾರ

ಅಕ್ಷರದ ಹಬ್ಬ. ನಲವತ್ತು ವರ್ಷದಲ್ಲಿ ಈ ದಿನ ನನ್ನ ಕೈಯಲ್ಲಿ ಹೂವಿಲ್ಲದೆ ಇದ್ದದ್ದಿಲ್ಲ. ಪೆರ್ನಿಕ್‌ನಲ್ಲಿ ಮಕ್ಕಳು ಮೆಟ್ಟಿಲವರೆಗೂ ಸಾಲು ನಿಲ್ಲುತ್ತಿದ್ದರು. ಬೆಳಿಗ್ಗೆ ಹತ್ತಾದರೂ ಗೇಟು ಸದ್ದಾಗಲಿಲ್ಲ. ಒಳಗೆ ಹೋಗಿ ಪಾತ್ರೆ ತೊಳೆದೆ, ತೊಳೆದದ್ದನ್ನೇ ಮತ್ತೆ ತೊಳೆದೆ. ಹನ್ನೊಂದಕ್ಕೆ ತ್ರೆಂದಾ ಒಂದು ತೋಳಲ್ಲಿ ಪಿಯೊನಿ ಹೂವು, ಇನ್ನೊಂದರಲ್ಲಿ ಮೇಕೆ ಚೀಸ್ ಹಿಡಿದು ಬಂದಳು. “ನೂರಿಪ್ಪತ್ತನ್ನ ಆರರಿಂದ ಭಾಗಿಸೋದು ಕಲಿಸಿದ್ರಲ್ಲ, ಅದಕ್ಕೆ. ಚೀಸ್ ಮೇಲೆ ಹಾಕ್ಕೊಳಿ, ತಳಕ್ಕಲ್ಲ.” ನನಗೆ ಅಳು ಬಂದುಬಿಟ್ಟಿತು. ಈರುಳ್ಳಿ ಹೆಚ್ಚುತ್ತಿದ್ದೆ ಎಂದೆ. ಮನೆಯಲ್ಲಿ ಈರುಳ್ಳಿ ಇರಲೇ ಇಲ್ಲ.

ಸಂಜೆ ಒಂದು ಎಡವಟ್ಟು. ಗೆರ್ಗಿನಾ ಬರಲಿಲ್ಲ, ಲೊಝಾನಾ ಮತ್ತು ದೋನ್ಕಾ ಮಾತ್ರ ನಿಂತಿದ್ದರು. “ಇಬ್ಬರು ನಿಂತ್ರೆ ಜಗಳ, ಮೂವರು ನಿಂತ್ರೆ ಹಾಡು,” ಎಂದಳು ಪೇನಜ್ಜಿ. “ಟೀಚರಮ್ಮ, ಎದ್ದು ನಿಂತ್ಕೋ. ಇವರ ಗಂಟಲು ಬೆಚ್ಚಗಾಗಲಿ.”

ನಾನು ಹೇಳಿದೆ: ನನಗೆ ಒಂಬತ್ತು ವರ್ಷವಾಗಿದ್ದಾಗ ಶಾಲೆಯ ಹಾಡಿನ ಮೇಷ್ಟ್ರು, ‘ಬಿಸೆರಾ, ನೀನು ಬಾಯಿ ತೆರೆ, ದನಿ ತೆಗೀಬೇಡ’ ಎಂದಿದ್ದರು. ಅಂದಿನಿಂದ ಮದುವೆ, ಹಬ್ಬ, ರಾಷ್ಟ್ರಗೀತೆ, ಎಲ್ಲಕ್ಕೂ ನಾನು ಬಾಯಿ ಮಾತ್ರ ತೆರೆಯುವವಳು. ಐವತ್ತನಾಲ್ಕು ವರ್ಷವಾಯಿತು.

“ಆ ಮೇಷ್ಟ್ರು ಇದ್ದಾನಾ?”

“ಸತ್ತು ಎಷ್ಟೋ ವರ್ಷ ಆಯಿತು.”

“ಮತ್ತೆ ಯಾರಿಗೆ ಹೆದರ್ತೀಯ? ನಿಂತ್ಕೋ.”

ನಿಂತೆ. ‘ಏ’ ಎಂದು ಒಂದೇ ಸ್ವರ ಹಿಡಿದೆ. ದೋನ್ಕಾ ನನ್ನ ಸೊಂಟಪಟ್ಟಿ ಹಿಡಿದಿದ್ದಳು, ಅದಕ್ಕೇ ಬೀಳಲಿಲ್ಲ. ಇದನ್ನು ಪಟ್ಟಿಯಲ್ಲಿ ಬರೆದಿಲ್ಲ. ನಾನು ಆಟಕ್ಕುಂಟು, ಲೆಕ್ಕಕ್ಕಿಲ್ಲ.

ಇನ್ನು ನೂರು ದಿನ.

ಜೂನ್ 3, ಸೋಮವಾರ

ಪಟ್ಟಿಯಲ್ಲಿ ಏಳು ಆಯಿತು. ಇವತ್ತು ಪೇನಜ್ಜಿಯ ಮೇಕೆ ಹಗ್ಗ ಬಿಚ್ಚಿಕೊಂಡಿತೆಂದು ತ್ರೆಂದಾ ಹುಡುಕಲು ಹೋದಳು. ಅವಳ ಜಾಗದಲ್ಲಿ ನಾನು ನಿಂತೆ. ಎರಡು ಸಲ.

ಜೂನ್ 9, ಭಾನುವಾರ

ಮೇಕೆ ಮತ್ತೆ ತಪ್ಪಿಸಿಕೊಂಡಿದೆ. ಇಷ್ಟು ಸ್ವಾತಂತ್ರ್ಯಪ್ರಿಯ ಮೇಕೆಯನ್ನು ನಾನು ನೋಡಿಲ್ಲ.

ಇವತ್ತು ಬೈಗುಳ ತಿಂದೆ. ಗೆರ್ಗಿನಾ ಎತ್ತಿದಳು, ಸ್ತಾನ್ಕಾ ಮತ್ತು ನಾನು ಎಳೆಯುತ್ತಿದ್ದೆವು. ಗೆರ್ಗಿನಾಳ ದನಿ ನನ್ನ ದನಿಯ ಪಕ್ಕದಲ್ಲೇ ಬಂದು ನಿಂತಾಗ ನಾನು ಮರ್ಯಾದೆಯಿಂದ ಅವಳ ಸ್ವರಕ್ಕೆ ಸರಿದುಕೊಂಡೆ. ಪೇನಜ್ಜಿ ಕೋಲಿನಿಂದ ನೆಲ ಕುಟ್ಟಿದಳು.

“ಯಾಕೆ ಜಾಗ ಬಿಟ್ಟೆ?”

“ಎರಡೂ ಸ್ವರ ಉಜ್ಜುತ್ತಿದ್ದವು. ಅಪಸ್ವರ ಅಲ್ಲವಾ?”

“ಉಜ್ಜಲೇಬೇಕು. ಉಜ್ಜದೆ ಕತ್ತಿ ಹರಿತ ಆಗ್ತದಾ? ನೀನು ನಿನ್ನ ಜಾಗದಲ್ಲಿ ಗಟ್ಟಿಯಾಗಿ ನಿಂತ್ಕೋ. ಅವಳು ಬಂದು ನಿನಗೆ ಉಜ್ಜಲಿ. ಆಗ ಗಂಟೆ ಬಡಿದ ಹಾಗೆ ಕೇಳಿಸ್ತದೆ.”

ಮತ್ತೆ ಹಾಡಿದೆವು. ಜಾಗ ಬಿಡಲಿಲ್ಲ. ಎರಡು ದನಿಗಳ ನಡುವೆ ಯಾರೂ ಹಾಡದ ಮೂರನೆಯದೇನೋ ಝುಂ ಎಂದಿತು. ನನ್ನ ಹಲ್ಲಿನವರೆಗೂ ಬಂತು. ಆ ಮೇಷ್ಟ್ರು ನನಗೆ ಬಾಯಿ ಮುಚ್ಚಿಸಿದ್ದು ಇದಕ್ಕೇ ಇರಬೇಕು. ನಾನು ಪಕ್ಕದವರ ಸ್ವರಕ್ಕೆ ಸೇರುತ್ತಿರಲಿಲ್ಲ. ಇಲ್ಲಿ ಅದೇ ಬೇಕಂತೆ.

ಮನೆಗೆ ಬಂದು ಅಡಿಗೆ ಮಾಡುವಾಗ ಮೆತೋದಿ ಕಿಟಕಿಯಲ್ಲಿ ತಲೆ ಹಾಕಿದ. “ಬಿಸೆರಾ, ಜೇನುಪೆಟ್ಟಿಗೆಯ ನೊಣ ಏನಾದರೂ ಒಳಗೆ ಬಂದಿದೆಯಾ? ಅರ್ಧ ಗಂಟೆಯಿಂದ ಒಂದೇ ಸಮ ಗುಂಯ್ ಅಂತಿದೆ.” ಬಂದಿಲ್ಲ ಎಂದೆ.

ಜೂನ್ 24, ಸೋಮವಾರ

ಸಂತ ಎನ್ಯೋನ ದಿನ. ಸೂರ್ಯ ಹುಟ್ಟುವ ಮೊದಲೇ ಹುಲ್ಲುಗಾವಲಿಗೆ ಹೋಗಿ ಮೂಲಿಕೆ ಕಿತ್ತೆವು. ಸ್ಕರ್ಟು ಮೊಣಕಾಲವರೆಗೆ ಇಬ್ಬನಿಗೆ ನೆನೆದುಹೋಯಿತು. ಕೀಳಬೇಕಾದದ್ದು ಎಪ್ಪತ್ತೇಳೂವರೆ ಮೂಲಿಕೆ. ಎಪ್ಪತ್ತೇಳು ರೋಗಕ್ಕೆ ಎಪ್ಪತ್ತೇಳು, ಹೆಸರಿಲ್ಲದ ರೋಗಕ್ಕೆ ಆ ಅರೆ. ಮೊದಲಾದರೆ ಅರೆ ಮೂಲಿಕೆ ಎಂದರೇನು, ಅದನ್ನು ಎಣಿಸುವುದು ಹೇಗೆ ಎಂದು ಜಗಳ ತೆಗೆಯುತ್ತಿದ್ದೆ. ಇವತ್ತು ಯಾಕೋ ಕೇಳಲಿಲ್ಲ. ಈ ಗುಂಪೂ ಹಾಗೆಯೇ, ಆರೂವರೆ ಜನ. ಆ ಅರೆ ನಾನು.

ಹಿಂದಿರುಗುವಾಗ ಲೊಝಾನಾ ದಾರಿಯಲ್ಲೇ ಹಾಡು ಎತ್ತಿದಳು. ಯಾರೂ ಹೇಳದೆ ನಾನು ಎಳೆದೆ.

ನನಗೂ ಗುಡ್ಡದ ಮೇಲೆ ನಿಂತು ಹಾಡಬೇಕು ಅನ್ನಿಸುತ್ತಿದೆ. ಈ ಸಾಲನ್ನು ಬರೆದು ಹೊಡೆದುಹಾಕಿದೆ, ಆಮೇಲೆ ಮತ್ತೆ ಬರೆದೆ. ಡೈರಿಗೆ ಸುಳ್ಳು ಹೇಳಿ ಏನು ಸಿಗುತ್ತದೆ. ಆದರೆ ಆರು ಜನ ನಾನು ಹಾಡದವಳು ಎಂದು ನಂಬಿ ಪಟ್ಟಿಯನ್ನು ನನ್ನ ಕೈಗೆ ಕೊಟ್ಟಿದ್ದಾರೆ. ಪರೀಕ್ಷೆ ನಡೆಸುವವಳು ತಾನೇ ಕೂತು ಉತ್ತರ ಬರೆಯುವುದುಂಟೇ?

ಪಟ್ಟಿಯಲ್ಲಿ ಹದಿಮೂರು ಆಗಿದೆ.

ಜುಲೈ 2, ಮಂಗಳವಾರ

ಚೆರ್ರಿ ಜಾಮು ಮಾಡಿದೆವು, ಮೂವತ್ತಾರು ಬಾಟಲಿ. ಕೈ ನೋಯುತ್ತಿದೆ. ಸೆಪ್ಟೆಂಬರಿಗೆ ಎಷ್ಟು ದಿನ ಉಳಿಯಿತೆಂದು ನಾಳೆ ಎಣಿಸುತ್ತೇನೆ.

ಜುಲೈ 8, ಸೋಮವಾರ

ಹದಿನಾರು ಮುಗಿಯಿತು. ಉಳಿದದ್ದು ಆ ನಾಲ್ಕು. ಸ್ತಾನ್ಕಾ ಬಂದಳು, ವೇತಾ ಬಂದಳು. ಜೊತೆಗೆ ನಿಲ್ಲಿ ಎಂದೆ. ಇಬ್ಬರೂ ನನ್ನನ್ನೇ ನೋಡುತ್ತ ನಿಂತರು.

“ಟೀಚರಮ್ಮ, ಆ ಹೆಂಗಸಿಗೆ ಹೇಳಿ,” ಎಂದಳು ಸ್ತಾನ್ಕಾ, ಎರಡು ಮೊಳ ದೂರದಲ್ಲಿದ್ದ ವೇತಾಳನ್ನು ನೋಡದೆ, “ನನ್ನ ಅಕ್ರೋಟ ಮರ ಕಡಿಸಿದವಳ ಸೊಂಟಪಟ್ಟಿ ನಾನು ಹಿಡಿಯೋದಿಲ್ಲ.”

“ಆ ಯಮ್ಮಂಗೆ ಹೇಳಿ,” ಎಂದಳು ವೇತಾ, “ಮರದ ಬೇರು ನನ್ನ ಅಡಿಗೆಮನೆ ಗೋಡೆ ಒಡೀತಿತ್ತು. ಅವರ ಕಡೆ ಕಾಯಿ, ನಮ್ಮ ಕಡೆ ಬಿರುಕು.”

ಲೊಝಾನಾ ಕೂಡಲೇ ಸೊಂಟದ ಮೇಲೆ ಕೈಯಿಟ್ಟಳು. ಎಲ್ಲ ಜೋಡಣೆಯೂ ಆಗದಿದ್ದರೆ ಆಣೆ ಮುರಿದ ಹಾಗೆ, ನನ್ನನ್ನು ಯಾರೂ ಕಟ್ಟಿಹಾಕೋ ಹಾಗಿಲ್ಲ, ಹೆಸರು ಕಳಿಸೋದೇ ಬೇಡ ಎಂದಳು. ದೋನ್ಕಾ ಹಾಗಾದರೆ ಇಷ್ಟು ದಿನ ನನ್ನ ಟ್ರ್ಯಾಕ್ಟರ್ ಕೆಲಸ ಹಾಳು ಮಾಡಿದ್ದೇಕೆ ಎಂದಳು. ಎಲ್ಲರೂ ಒಟ್ಟಿಗೆ ಮಾತಾಡತೊಡಗಿದರು. ಪೇನಜ್ಜಿ ಮಡಿಲಲ್ಲಿದ್ದ ನೂಲನ್ನು ಸುಮ್ಮನೆ ಸವರುತ್ತ ಕೂತಿದ್ದಳು. ಗುಡ್ಡದ ಮೇಲೆ ಅತ್ತೆ ತನಗೆ ಕಲಿಸಿದ ಈ ಕೊಯ್ಲಿನ ಹಾಡನ್ನು ಇನ್ನೊಂದು ಸಲ ಕೇಳಬೇಕೆಂಬುದೊಂದೇ ಅವಳ ಆಸೆ. ಹೋದ ವಾರ ನನಗೆ ಹೇಳಿದ್ದಳು.

ನನಗೆ ಎಲ್ಲಿತ್ತೋ ಸಿಟ್ಟು, ತರಗತಿಯಲ್ಲಿ ಕೂಗುತ್ತಿದ್ದ ದನಿಯಲ್ಲಿ ಕೂಗಿದೆ. ಆರೂ ಜನ ಬೆಂಚಿನ ಮೇಲೆ ಕೂತುಬಿಟ್ಟರು. ಲೊಝಾನಾ ಕೈ ಕಟ್ಟಿಕೊಂಡಳು. ಆದರೆ ಕೂರಿಸುವುದು ಸುಲಭ, ಹಾಡಿಸುವುದು ಹೇಗೆ? ಹನ್ನೆರಡು ದಿನವಷ್ಟೇ ಉಳಿದಿದೆ. ಒಂದು ಅಕ್ರೋಟ ಮರಕ್ಕಾಗಿ ನಮ್ಮ ಹಾಡು ಹೋಗುತ್ತದೆಯೇ? 

ಜುಲೈ 11, ಗುರುವಾರ

ಪೇನಜ್ಜಿ ದಾರಿ ಕಂಡುಹಿಡಿದಳು. “ಅವಳ ಸೊಂಟಪಟ್ಟಿ ನೀನು ಹಿಡೀಬೇಡ, ನಿನ್ನದು ಅವಳೂ ಹಿಡೀದಿರಲಿ. ನಡುವೆ ಬೇರೆಯವಳು ನಿಲ್ಲಲಿ, ಇಬ್ಬರೂ ಅವಳದ್ದನ್ನ ಹಿಡೀರಿ.” ಹಾಗಾದರೆ ತ್ರೆಂದಾ ನಿಲ್ಲಲಿ ಎಂದೆ. ತ್ರೆಂದಾಳ ಗಂಟಲು ಕೆಟ್ಟಿದೆ ಎಂದಳು ಪೇನಜ್ಜಿ. ತ್ರೆಂದಾ ತಕ್ಷಣ ಕೆಮ್ಮಿದಳು. “ಮೊದಲು ಒಂದ್ಸಲ ಟೀಚರಮ್ಮನೇ ನಿಲ್ಲಲಿ, ಅಭ್ಯಾಸಕ್ಕೆ.”

ನಿಂತೆ. ಎಡಕ್ಕೆ ಸ್ತಾನ್ಕಾ, ಬಲಕ್ಕೆ ವೇತಾ, ಇಬ್ಬರೂ ನನ್ನ ಸೊಂಟಪಟ್ಟಿಯನ್ನು ಎಷ್ಟು ಬಿಗಿಯಾಗಿ ಹಿಡಿದರೆಂದರೆ ಉಸಿರು ಸಿಕ್ಕಿಕೊಂಡಿತು. ಸ್ತಾನ್ಕಾ ಎತ್ತಿದಳು. ವೇತಾ ಮತ್ತು ನಾನು ಎಳೆದೆವು. ಇಬ್ಬರೂ ಒಂದೇ ಅತ್ತೆಯ ಕೈಕೆಳಗೆ ಒಂದೇ ಹೊಲದಲ್ಲಿ ಹಾಡಿಕೊಂಡು ಕೊಯ್ಲು ಮಾಡಿದವರು. ಏಳು ವರ್ಷ ಮಾತಾಡದಿದ್ದರೂ ಎಲ್ಲಿ ಉಸಿರು ತೆಗೆದುಕೊಳ್ಳಬೇಕೆಂದು ಒಬ್ಬರದು ಒಬ್ಬರಿಗೆ ಗೊತ್ತು. ಸ್ತಾನ್ಕಾಳ ದನಿ ಇಳಿದು ಬಂದು ನಮ್ಮ ದನಿಗೆ ಉಜ್ಜಿತು. ಓದುಮನೆಯ ಕಿಟಕಿಯ ಗಾಜು ನಡುಗಿತು. ಗಾಜು ಸಡಿಲವಾಗಿದೆ ನಿಜ, ಆದರೂ ನಡುಗಿತು.

ಮುಗಿದ ಮೇಲೆ ಲೊಝಾನಾಳೂ ಮಾತಾಡಲಿಲ್ಲ, ಇದನ್ನು ದಿನಾಂಕ ಹಾಕಿ ಬರೆದಿಡಬೇಕು. ಪೇನಜ್ಜಿ ತಲೆ ಬಗ್ಗಿಸಿ ನೀಲಿ, ಹಸಿರು, ಬೂದು ಎಳೆಗಳನ್ನು ಹೊಸೆಯುತ್ತಿದ್ದಳು. ಕಾಲುಚೀಲಕ್ಕೆ ಇದೆಂಥ ಬಣ್ಣವಪ್ಪ ಎಂದುಕೊಂಡೆ.

ಆಮೇಲೆ ಉಳಿದ ನಾಲ್ಕನ್ನೂ ಹಾಗೆಯೇ ಮಾಡಬಹುದೆಂದು ಇಬ್ಬರೂ ಒಪ್ಪಿದರು. ನನ್ನ ಮೂಲಕವೇ ಒಪ್ಪಿದರು.

ಜುಲೈ 19, ಶುಕ್ರವಾರ

ಇವತ್ತಿನದನ್ನು ಕ್ರಮವಾಗಿ ಬರೆಯಬೇಕು. 

ನಿನ್ನೆಗೆ ಇಪ್ಪತ್ತೂ ಸಾಲಿಗೆ ಗುರುತು ಬಿತ್ತು. ಇವತ್ತು ಎಲ್ಲರೂ ಅಂಗಳದಲ್ಲಿ ಸೇರಿದರು. ಮೇಜಿನ ಮೇಲೆ ಮೇಳದ ಅರ್ಜಿ, ಮೂರು ಖಾಲಿ ಗೆರೆ, ನನ್ನ ಪೆನ್ನು. ಲೊಝಾನಾ ಚೀಸ್ ತುಂಬಿದ ಪದರುರೊಟ್ಟಿ, ಬಾನಿತ್ಸಾ, ಮಾಡಿ ತಂದಿದ್ದಳು, ಮುಟ್ಟಲು ಯಾರಿಗೂ ಮನಸ್ಸಿರಲಿಲ್ಲ. ನಾನು ಎದ್ದು, “ಇಪ್ಪತ್ತು ಜೋಡಣೆಯನ್ನೂ ಕೇಳಿ ಆಯಿತು, ಒಂದೂ ಬಿಟ್ಟಿಲ್ಲ,” ಎಂದೆ.

“ಮೂವತ್ತೈದು,” ಎಂದಳು ಪೇನಜ್ಜಿ.

“ಇಲ್ಲ ಅಜ್ಜಿ, ಇಪ್ಪತ್ತು.”

ಅವಳು ತನ್ನ ಕೋಲನ್ನು ಮೇಜಿನ ಮೇಲೆ ಇಟ್ಟಳು. ಅದರ ತುಂಬ ಹುರಿಗಳು ಜೋತಾಡುತ್ತಿದ್ದವು. “ಎಣಿಸು. ಲೆಕ್ಕದವಳು ನೀನೇ ಅಲ್ವಾ.”

ಎಣಿಸಿದೆ. ಮೂವತ್ತೈದು. ಮುದುಕಿ ಕೆಲವನ್ನು ಎರಡೆರಡು ಸಲ ಕಟ್ಟಿದ್ದಾಳೆಂದು ಹೋಲಿಸಿ ನೋಡಿದೆ. ಒಂದರಂತೆ ಇನ್ನೊಂದಿಲ್ಲ. ನನ್ನ ತಲೆ ತಾನಾಗಿಯೇ ಹಿಂದಿನಿಂದ ಲೆಕ್ಕ ಮಾಡಿತು: ಏಳನ್ನು ಆರರಿಂದ, ಮತ್ತೆ ಐದರಿಂದ ಗುಣಿಸಿದರೆ ಇನ್ನೂರ ಹತ್ತು, ಅದನ್ನು ಆರರಿಂದ ಭಾಗಿಸು.

“ಮೂವತ್ತೈದು ಆಗಬೇಕಾದರೆ ಏಳು ಜನ ಬೇಕು,” ಎಂದೆ. ಮಾತು ಬಾಯಿಂದ ಬಿದ್ದ ಮೇಲೆ ಬೂದು ನೂಲು ಕಣ್ಣಿಗೆ ಬಿತ್ತು. ಬೂದು ಇರುವ ಹುರಿಗಳನ್ನು ಬೇರೆ ಮಾಡಿದೆ. ಹದಿನೈದು. ಕೆಂಪು ಕಪ್ಪಿನ ಜೊತೆ ಬೂದು, ಬಿಳಿ ಹಸಿರಿನ ಜೊತೆ ಬೂದು. ಆರು ಜನರಲ್ಲಿ ಎಷ್ಟು ಜೋಡಿಗಳಿವೆಯೋ ಅಷ್ಟರ ಜೊತೆಗೂ ಒಂದೊಂದು ಸಲ ನಾನು ನಿಂತಿದ್ದೆ. ಒಂದೂ ಬಿಟ್ಟಿರಲಿಲ್ಲ, ಒಂದೂ ಎರಡು ಸಲ ಆಗಿರಲಿಲ್ಲ.

“ನಿಮ್ಮ ಮೇಕೆ,” ಎಂದೆ.

“ಒಂದು ದಿನವೂ ತಪ್ಪಿಸಿಕೊಂಡಿಲ್ಲ ಪಾಪ. ಎದ್ದು ನಿಂತರೆ ಸಾಕು ಅನ್ನೋ ವಯಸ್ಸು ಅದಕ್ಕೆ.”

ತ್ರೆಂದಾ ಬೆಂಚು ಅಲ್ಲಾಡುವಂತೆ ನಕ್ಕಳು. ಅವಳಿಗೆ ಮೊದಲಿಂದ ಗೊತ್ತಿತ್ತು.

“ಓದು ಬರಹ ಬಾರದ ನಿಮಗೆ ಮೂವತ್ತೈದು ಅಂತ ಹೇಗೆ ಗೊತ್ತಾಯಿತು?”

“ಏಳು ಬಣ್ಣದಲ್ಲಿ ಮೂರು ಆರಿಸಿದ್ರೆ ಏಪ್ರನ್ನಿಗೆ ಮೂವತ್ತೈದು ಥರ ಪಟ್ಟೆ ಬರ್ತದೆ. ನನ್ನ ಅತ್ತೆ ಮಗ್ಗದ ಮುಂದೆ ಕೂರಿಸಿ ಹೇಳಿಕೊಟ್ಟಿದ್ದು. ಅದಕ್ಕೇನು ಕಾಲೇಜು ಬೇಕಾ? ಕತ್ತೆ ಮೇಲೆ ಕೂತ್ಕೊಂಡು, ಆ ಕತ್ತೆ ಒಂದನ್ನ ಬಿಟ್ಟು ಮಿಕ್ಕ ಕತ್ತೆಗಳನ್ನೆಲ್ಲ ಎಣಿಸಿದ ದಡ್ಡನ ಹಾಗೆ ಮಾಡಿದ್ದೀಯ.” ಆಮೇಲೆ ಕೋಲಿನಿಂದ ಒಂದು ಹುರಿಯನ್ನು ಬಿಚ್ಚಿ ಅರ್ಜಿಯ ಮೇಲೆ ಇಟ್ಟಳು. ನೀಲಿ, ಹಸಿರು, ಬೂದು.

ಸ್ತಾನ್ಕಾ, ವೇತಾ, ನಾನು.

ನಾನು ಆಗುವುದಿಲ್ಲ ಎಂದೆ. ಪಟ್ಟಿ ಮಾಡಿದವಳು ನಾನು, ಇದು ಅನ್ಯಾಯ, ನಾನು ಈ ಊರಿನವಳೂ ಅಲ್ಲ, ಲೊಝಾನಾ ಇದನ್ನೇ ಹೇಳಿದ್ದಳಲ್ಲ ಎಂದೆ. ಇನ್ನೂ ಏನೇನೋ ಹೇಳಿದೆ. ಎಲ್ಲರೂ ಲೊಝಾನಾಳ ಮುಖ ನೋಡಿದರು. ಅವಳು ಬಾನಿತ್ಸಾದ ತಟ್ಟೆಯನ್ನು ಮೇಜಿನ ಮೇಲೆ ಆಚೀಚೆ ಸರಿಸಿದಳು. ಇಪ್ಪತ್ತೆರಡು ವರ್ಷ ಅವಳು ತಪ್ಪದೆ ಗುಡ್ಡ ಹತ್ತಿದವಳು.

“ಬೈಯೋಣ ಅಂತಲೇ ಬಾಯಿ ತೆಗೆದೆ,” ಎಂದಳು ಕೊನೆಗೆ. “ಆದ್ರೆ ಆವತ್ತು ಕೇಳಿದ್ದೀನಲ್ಲ. ಕಿವಿ ಕಿತ್ತು ಬಿಸಾಕೋಕೆ ಆಗ್ತದಾ? ಬ್ರೆಡ್ಡು ಉಪ್ಪು ನೀನೂ ತಿಂದಿದ್ದೀಯ. ಏ ಬಿಸೆರಾ, ನಾಟಕ ಸಾಕು, ಬರಿ ನಿನ್ನ ಹೆಸರು. ಬಾನಿತ್ಸಾ ಆರ್ತಿದೆ.”

ಬರೆದೆ. ಮೂರನೆಯ ಗೆರೆಯಲ್ಲಿ ನನ್ನ ಹೆಸರನ್ನು ಬರೆಯುವಾಗ ಅಕ್ಷರ ಸೊಟ್ಟಗಾಯಿತು. ಸುಂದರ ಬರಹಕ್ಕೆ ಆರಕ್ಕೆ ಎರಡು.

ಜುಲೈ 20, ಶನಿವಾರ

ಇಲಿಯಾ ಸಂತನ ದಿನ, ಅವನು ಗುಡುಗಿನ ಒಡೆಯನಂತೆ, ಹಾಗೆಯೇ ಗುಡುಗಿತು. ಮಳೆಯಲ್ಲೇ ಗೆರ್ಗಿನಾ ಸೈಕಲ್ಲಿನಲ್ಲಿ ಲಕೋಟೆ ತೆಗೆದುಕೊಂಡು ಹೋದಳು. ನೆನೆಯದಿರಲೆಂದು ಅಂಗಿಯೊಳಗೆ ಇಟ್ಟುಕೊಂಡಿದ್ದಳು.

ಆಗಸ್ಟ್ 14, ಬುಧವಾರ

ಬಾಡಿಗೆಯವರು ಫೋನು ಮಾಡಿದ್ದರು, ಬಿಡಬೇಕೋ ಇರಬೇಕೋ ಎಂದು. ವಸಂತದವರೆಗೂ ಇರಿ ಎಂದೆ. ಸೆಪ್ಟೆಂಬರಿನಲ್ಲಿ ಮೆಣಸಿನಕಾಯಿ ಸುಡುವ ಕೆಲಸ, ಆಮೇಲೆ ಎಲೆಕೋಸು ಉಪ್ಪಿಗೆ ಹಾಕುವುದು, ಅದರ ನಡುವೆ ಸಾಮಾನು ಸಾಗಿಸುವವರು ಯಾರು?  ಮೆತೋದಿಗೇನಾಗಿದೆಯೋ, ಇಡೀ ಸಂಜೆ ನಗುತ್ತಿದ್ದ.

ಆಗಸ್ಟ್ 26, ಸೋಮವಾರ

ನಿನ್ನೆ ಮೇಳ, ಬರೆಯಲಾಗಲಿಲ್ಲ. ಬರುವಾಗ ಎಲ್ಲರಿಗೂ ಹಣ್ಣಿನ ಸಾರಾಯಿ, ರಾಕಿಯಾ, ಸ್ವಲ್ಪ ಹೆಚ್ಚಾಗಿತ್ತು.

ದೋನ್ಕಾಳ ಟ್ರ್ಯಾಕ್ಟರಿನ ಟ್ರೇಲರಿನಲ್ಲಿ ಎಲ್ಲರೂ ಹೋದೆವು, ಪೇನಜ್ಜಿಗೆ ಕುರ್ಚಿ ಕಟ್ಟಿದ್ದೆವು. ಗುಡ್ಡದ ಮೇಲೆ ಸಾವಿರಾರು ಜನ. ನಮ್ಮ ಊರಿನ ಹೆಸರು ಕೂಗಿದರು. ವೇದಿಕೆ ಹತ್ತಿ ನಿಂತೆವು. ಎಡಕ್ಕೆ ಸ್ತಾನ್ಕಾ, ಬಲಕ್ಕೆ ವೇತಾ, ನಡುವೆ ನಾನು. ಮುಂದಿನ ಸಾಲಿನಲ್ಲಿ ಪೇನಜ್ಜಿ ಕಣ್ಣು ಮುಚ್ಚಿ ಕೂತಿದ್ದಳು.

ಸ್ತಾನ್ಕಾ ಎತ್ತಿದಳು. ವೇತಾ ಎಳೆದಳು. ನಾನು ಬಾಯಿ ತೆರೆದೆ.

ದನಿ ಬರಲಿಲ್ಲ. ಅಷ್ಟು ಜನರನ್ನು ಕಂಡದ್ದೇ ತಡ, ಐವತ್ತನಾಲ್ಕು ವರ್ಷದ ಅಭ್ಯಾಸ ಬಂದು ಕೂತುಬಿಟ್ಟಿತು. ಬಾಯಿ ತೆರೆದೇ ಇದೆ, ಒಳಗೆ ಏನೂ ಇಲ್ಲ. ಪೇನಜ್ಜಿ ಕಣ್ಣು ತೆರೆದಳು. ಮೊದಲ ಸಾಲು ಮುಗಿಯುತ್ತ ಬಂತು. ಆ ಕ್ಷಣಕ್ಕೆ ಸರಿಯಾಗಿ ಸೊಂಟಪಟ್ಟಿಯ ಕೆಳಗೆ ಎಡಗಡೆ ಒಂದು, ಬಲಗಡೆ ಒಂದು, ಎರಡು ಕಡೆಯೂ ಒಟ್ಟಿಗೆ ಎಂಥ ಚಿವುಟು ಬಿತ್ತೆಂದರೆ, ಕಣ್ಣಲ್ಲಿ ನೀರು ಬಂತು, ದನಿಯೂ ಬಂತು. ಬಂದದ್ದು ನಿಲ್ಲಲಿಲ್ಲ. ಜಾಗ ಬಿಡದೆ ನಿಂತೆ. ಸ್ತಾನ್ಕಾ ಬಂದು ಉಜ್ಜಿದಳು. ಗುಡ್ಡದ ಆಚೆಯಿಂದ ಅದೇ ದನಿ ನಮಗೇ ವಾಪಸು ಕೇಳಿಸಿತು. ನನಗೆ ಇಷ್ಟು ಸಂತೋಷ ಯಾವತ್ತೂ ಆಗಿರಲಿಲ್ಲ, ಮದುವೆಯ ದಿನವೂ ಆಗಿರಲಿಲ್ಲ. ಇದನ್ನು ಮೆತೋದಿ ಓದಬಾರದು.

ಪೇನಜ್ಜಿ ತಲೆಯನ್ನು ಆಚೀಚೆ ಆಡಿಸುತ್ತಿದ್ದಳು, ಹೌದು ಹೌದು ಎಂದು. ಮುಖ ಒರೆಸಿಕೊ ಅಜ್ಜಿ ಎಂದು ಲೊಝಾನಾ ತನ್ನ ಕರವಸ್ತ್ರ ಕೊಟ್ಟಳು. ಆಮೇಲೆ ಅದರಲ್ಲೇ ತನ್ನ ಮುಖವನ್ನೂ ಒರೆಸಿಕೊಂಡಳು.

ಬಹುಮಾನ ಪಕ್ಕದ ಊರಿಗೆ ಹೋಯಿತು. ನಮಗೊಂದು ಮಣ್ಣಿನ ಹೂಜಿ ಕೊಟ್ಟರು. ಬರುವಾಗ ಟ್ರ್ಯಾಕ್ಟರಿನಲ್ಲಿ ಸ್ತಾನ್ಕಾ ನನ್ನ ತಲೆಯ ಮೇಲಿಂದ ವೇತಾಳನ್ನು ನೇರವಾಗಿ ನೋಡಿ ಹೇಳಿದಳು: “ಮೊದಲು ಚಿವುಟಿದ್ದು ನಾನು.”

“ಸುಮ್ನಿರೇ,” ಎಂದಳು ವೇತಾ. “ನೀನು ಹಾಡೋದ್ರಲ್ಲಿ ಮುಳುಗಿದ್ದೆ. ಮೊದಲು ಚಿವುಟಿದ್ದು ನಾನು.”

“ನಿನ್ನ ಕೈಗೆ ಅಷ್ಟು ಬಲ ಎಲ್ಲಿದೆ?”

“ಮರ ಕಡಿಸಿದ ಕೈ ಕಣೇ ಇದು.”

ಏಳು ವರ್ಷದಲ್ಲಿ ಅವರಿಬ್ಬರೂ ಒಬ್ಬರಿಗೊಬ್ಬರು ಆಡಿದ ಮೊದಲ ಮಾತು. ಊರು ಬರುವವರೆಗೂ ಜಗಳವಾಡಿದರು, ಇಳಿಯುವಾಗಲೂ ಮುಗಿದಿರಲಿಲ್ಲ.  ಇವತ್ತು ಬೆಳಿಗ್ಗೆಯೂ ಗೋಡೆಯ ಮೇಲಿಂದ ಅದೇ ಜಗಳ ಕೇಳಿಸುತ್ತಿತ್ತು.

ಈಗ ಕನ್ನಡಿಯಲ್ಲಿ ನೋಡಿಕೊಂಡೆ. ಎರಡೂ ಕಡೆ ನೀಲಿಗಟ್ಟಿದೆ, ಎಡ ಬಲ ಒಂದೇ ಅಳತೆ. ಯಾರು ಮೊದಲು ಎಂದು ನನ್ನನ್ನು ಕೇಳಿದರೆ ಹೇಳುತ್ತೇನೆ, ಆ ಲೆಕ್ಕದಲ್ಲಿ ಕ್ರಮ ಮುಖ್ಯವಲ್ಲ.

ಆಮೇಲೆ ಕೆಂಪು ಪೆನ್ನು ಹುಡುಕಿ, ಹಳೆಯ ಪುಟಗಳನ್ನು ತಿರುವಿ, ಮೇ ಹದಿನಾಲ್ಕನೆಯ ತಾರೀಖಿನಲ್ಲಿ ‘ಆರು ಜನರಲ್ಲಿ ಮೂವರನ್ನು’ ಎಂದಿದ್ದ ಕಡೆ ಆರನ್ನು ಹೊಡೆದು ಏಳು ಎಂದು ಬರೆದೆ. ಪಕ್ಕದಲ್ಲಿ ಇಪ್ಪತ್ತನ್ನೂ ಮೂವತ್ತೈದೆಂದು ತಿದ್ದಿದೆ. ಅಂಕ ಕೊಡಲಿಲ್ಲ. ಹೊರಗೆ ತ್ರೆಂದಾ ಕೂಗುತ್ತಿದ್ದಾಳೆ, ಮೆಣಸಿನಕಾಯಿ ಬಂದಿದೆಯಂತೆ.